ಇಪ್ಪತ್ತೈದು ಕೋರ್ಟ್ ಪ್ರತಿಗಳು

ಬೆಳಿಗ್ಗೆ ಪೇಪರು ಬಂದರೆ ನಮ್ಮ ಮನೆಯಲ್ಲಿ ಒಬ್ಬೊಬ್ಬರಿಗೆ ಒಂದೊಂದು ಹಾಳೆ. ಯಜಮಾನರಿಗೆ ಕ್ರಿಕೆಟ್ಟಿನದು, ಮಗಳಿಗೆ ಸಿನಿಮಾದ್ದು. ನನಗೆ ಯಾರೂ ಕೇಳದ ಹಾಳೆ, ಜಾಹೀರ ನೋಟೀಸಿನದು. ಇಂಥ ಊರಿನ ಇಂಥ ಜಮೀನನ್ನು ಇಂಥವರು ಖರೀದಿಸುತ್ತಿದ್ದಾರೆ, ತಕರಾರಿದ್ದವರು ತಿಳಿಸತಕ್ಕದ್ದು. ಇಂಥವರ ವಾಸಸ್ಥಳ ತಿಳಿಯದ ಕಾರಣ ಈ ಮೂಲಕ ತಿಳಿಯಪಡಿಸುವುದೇನೆಂದರೆ... ಕನ್ನಡಕ ಏರಿಸಿಕೊಂಡು ಇದನ್ನೆಲ್ಲ ಒಂದಕ್ಷರ ಬಿಡದೆ, ಕೆಳಗಿನ ವಕೀಲರ ಹೆಸರಿನವರೆಗೂ ಓದುತ್ತೇನೆ. ಅಷ್ಟರಲ್ಲಿ ಚಹಾ ಆರಿರುತ್ತದೆ. "ಅದರಾಗ ನಿನ್ನ ಹೆಸರಿಗೆ ಯಾರರೆ ಹೊಲಾ ಬರದಾರೇನು?" ಎಂದು ಯಜಮಾನರು ಚೇಷ್ಟೆ ಮಾಡುತ್ತಾರೆ. ಮಾಡಲಿ. ನಾನು ಯಾಕೆ ಓದುತ್ತೇನೆಂದು ಅವರಿಗೆ ಗೊತ್ತಿಲ್ಲದ್ದೇನಲ್ಲ.

ಓದುವ ಹುಚ್ಚು ನನಗೆ ಮೊದಲಿನಿಂದಲೂ ಇತ್ತು. ಬೆಳೆದದ್ದು ಬೆಳಗಾವಿಯಲ್ಲಿ, ಪುಸ್ತಕವೆಂದರೆ ಪಂಚಾಂಗ ಒಂದೇ ಎನ್ನುವಂಥ ಮನೆಯಲ್ಲಿ. ಕಿರಾಣಿ ಅಂಗಡಿಯಿಂದ ಬೇಳೆಯ ಪುಡಿಕೆ ಬಂದರೆ ಬೇಳೆ ಡಬ್ಬಿಗೆ, ಕಾಗದ ನನಗೆ. ಅದರ ಕತೆಯಲ್ಲಿ ಕೊಲೆಯಾಗಿ ಕೊಲೆಗಾರ ಸಿಗುವಷ್ಟರಲ್ಲಿ ಕಾಗದ ಹರಿದಿರುತ್ತಿತ್ತು. ಉಳಿದರ್ಧ ಯಾರ ಮನೆಯ ಸಕ್ಕರೆಯ ಜೊತೆ ಹೋಯಿತೋ ಎಂದು ಒಲೆಯ ಮುಂದೆ ಕೂತು ಚಿಂತೆ ಮಾಡುತ್ತಿದ್ದೆ. ಅವ್ವ ತಲೆಗೊಂದು ಮೊಟಕುತ್ತಿದ್ದಳು. ಹೀಗಿರುವಾಗ ಖಾನಾಪುರದ ವಾರಪತ್ರಿಕೆಯೊಂದರ ಸಂಪಾದಕರ ಮಗನ ಸಂಬಂಧ ಬಂತು. ಹುಡುಗ ಬೆಳಗಾವಿಯ ಆಟೋ ನಗರದ ಗ್ಯಾರೇಜಿನಲ್ಲಿ ಮೆಕ್ಯಾನಿಕ್ಕು ಎಂಬುದು ನನ್ನ ಕಿವಿಗೆ ಬೀಳಲೇ ಇಲ್ಲ. ಪತ್ರಿಕೆಯ ಮನೆ! ಅಲ್ಲಿ ಪುಡಿಕೆ ಬಿಚ್ಚದೆಯೇ ಓದಬಹುದು. ಕುಣಿಯುತ್ತ ಒಪ್ಪಿಕೊಂಡೆ.

ಬಂದು ನೋಡಿದರೆ ಪತ್ರಿಕೆಯೆಂದರೆ ಮನೆಯ ಮುಂದಿನ ಎರಡು ಖೋಲಿ. ಒಂದರಲ್ಲಿ ಕಾಲಿನಿಂದ ತುಳಿಯುವ ಅಚ್ಚಿನ ಮಷೀನು, ಇನ್ನೊಂದರಲ್ಲಿ ಸೀಸದ ಅಚ್ಚುಮೊಳೆಗಳ ಖಾನೆಗಳು. ಅತ್ತೆ ಇರುವತನಕ ಅವರೇ ಮೊಳೆ ಜೋಡಿಸುತ್ತಿದ್ದರಂತೆ. ಅವರು ತೀರಿಹೋಗಿದ್ದರು. ಮದುವೆಯಾದ ಮೂರನೆಯ ವಾರಕ್ಕೆ ಅವರ ಸ್ಟೂಲು ನನ್ನ ಪಾಲಿಗೆ ಬಂತು. ಮೇಲಿನ ಗಲ್ಲಿಯ ಮರಾಠಿ ಮಂದಿಯ ಲಗ್ನಪತ್ರಿಕೆ, ಕೆಳಗಿನ ಗಲ್ಲಿಯ ಕನ್ನಡದವರ ಲಗ್ನಪತ್ರಿಕೆ, ಎರಡನ್ನೂ ನಾನೇ ಮೊಳೆ ಜೋಡಿಸಿ ಕಟ್ಟುತ್ತಿದ್ದೆ. ಎರಡು ಭಾಷೆಯಲ್ಲೂ ಮೊದಲು ಸವೆಯುತ್ತಿದ್ದದ್ದು 'ಶ್ರೀ'. ಅದರ ನಡುವೆ ವಾರಕ್ಕೊಮ್ಮೆ ನಾಲ್ಕು ಪುಟದ 'ಕಾಡಂಚು'.

ಮಾವನವರು ನನಗೆ ಕಲಿಸಿದ ಮೊದಲ ಪಾಠ ಕೇಳಿದರೆ ನೀವು ನಗುತ್ತೀರಿ. "ಕಟ್ಟುವಾಗ ಓದಬಾರದವಾ. ಓದಾಕ ಕುಂತಿ ಅಂದ್ರ ಕೈ ನಿಂದರತಾವ. ಅಕ್ಷರ ನೋಡು, ಎತ್ತು, ಇಡು. ಅಷ್ಟ." ಓದುವ ಆಸೆಯಿಂದ ಪತ್ರಿಕೆಯ ಮನೆಗೆ ಬಂದವಳಿಗೆ ಓದಬಾರದೆಂಬ ವ್ರತ! ಆದರೆ ಅವರು ಹೇಳಿದ್ದು ಖರೆ. ಆರು ತಿಂಗಳಲ್ಲಿ ನನ್ನ ಬೆರಳು ತಾವೇ ಖಾನೆಗಳಿಗೆ ಹೋಗಿ ಬರತೊಡಗಿದವು. ತಲೆ ಸಾರಿಗೆ ಹುಳಿ ಹಾಕಿದೆನೋ ಇಲ್ಲವೋ ಎಂದು ಯೋಚಿಸುತ್ತಿರುತ್ತಿತ್ತು. ಓದು ಸಿಗುತ್ತಿದ್ದದ್ದು ಅಚ್ಚಾದ ಮೇಲೆ, ಮೊಳೆ ಬಿಡಿಸುವಾಗ. ಸಾಲನ್ನು ಕೈಯಲ್ಲಿ ಹಿಡಿದು ಓದಿಕೊಂಡೇ ಒಂದೊಂದು ಅಕ್ಷರವನ್ನು ಅದರದರ ಖಾನೆಗೆ ಹಾಕಬೇಕು. ಹಾಗಾಗಿ ಊರಿನ ಸುದ್ದಿಯೆಲ್ಲ ನನಗೆ ಊರಿಗಿಂತ ಎರಡು ದಿನ ತಡವಾಗಿ ತಿಳಿಯುತ್ತಿತ್ತು.

ಮಾವನವರನ್ನು ಕೆಟ್ಟವರೆಂದು ತಿಳಿಯಬೇಡಿ. ಮಾಸ್ತರಕಿ ಬಿಟ್ಟು ಪತ್ರಿಕೆ ಮಾಡಿದ ಮನುಷ್ಯ. ಒಂದು ಮಳೆಗಾಲ ಮಲಪ್ರಭೆ ಉಕ್ಕಿ ಮನೆಗಳು ಬಿದ್ದಾಗ, ಸೈಕಲ್ಲು ಹೋಗುವತನಕ ಸೈಕಲ್ಲಿನಲ್ಲಿ, ಮುಂದೆ ಕೆಸರಿನಲ್ಲಿ ನಡೆದು, ಹಳ್ಳಿ ಹಳ್ಳಿ ತಿರುಗಿ ಬಿದ್ದ ಮನೆಗಳ ಯಾದಿ ಮಾಡಿಕೊಂಡು ಬಂದರಂತೆ. ಆ ವಾರದ ಪತ್ರಿಕೆಯಲ್ಲಿ ಬೇರೆ ಸುದ್ದಿಯೇ ಇಲ್ಲ, ನಾಲ್ಕೂ ಪುಟ ಹೆಸರುಗಳು. ಜನ ಅದನ್ನು ಕೈಯಲ್ಲಿ ಹಿಡಿದುಕೊಂಡೇ ತಹಶೀಲ್ದಾರರ ಮುಂದೆ ಸಾಲು ನಿಂತರು. ಆ ಸಂಚಿಕೆಗೆ ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದ್ದರು. ನಾನು ಸೊಸೆಯಾಗಿ ಹೋಗುವಷ್ಟರಲ್ಲಿ ಅದರ ಗಾಜಿನ ಒಳಗೆ ಗೆದ್ದಲು ಹತ್ತಿತ್ತು.

ಎರಡು ಸಾವಿರದ ಇಸವಿಯ ಸುಮಾರಿಗೆ ಬೆಳಗಾವಿಯ ದೊಡ್ಡ ಪೇಪರುಗಳು ತಾಲೂಕಿಗೊಂದು ಪುಟ ಅಂತ ಕೊಡತೊಡಗಿದವು, ಬಣ್ಣದ ಫೋಟೋ ಸಮೇತ. ಲಗ್ನಪತ್ರಿಕೆಗಳೂ ಬಂಗಾರದ ಬಣ್ಣದ ಗಣಪತಿಯ ಆಸೆಗೆ ಬೆಳಗಾವಿಯ ಆಫ್‌ಸೆಟ್ ಪ್ರೆಸ್ಸುಗಳ ಬಸ್ಸು ಹತ್ತಿದವು. 'ಕಾಡಂಚು' ಕೊಳ್ಳುವವರು ಎಷ್ಟು ಕಡಿಮೆಯಾದರೆಂದರೆ ಉಳಿದವರ ಕೆಮ್ಮು ಕೂಡ ನಮಗೆ ಗುರುತು ಸಿಗುತ್ತಿತ್ತು. ಆಗ ನಮ್ಮನ್ನು ಬದುಕಿಸಿದವರು ವಕೀಲರು.

ಯಾಕೆಂದು ಹೇಳುತ್ತೇನೆ. ಕೋರ್ಟಿನಲ್ಲಿ ಯಾರ ಮೇಲಾದರೂ ದಾವೆ ಹಾಕಿ, ಅವರಿಗೆ ಸಮನ್ಸು ಮುಟ್ಟದಿದ್ದರೆ, ಅದನ್ನು ಪತ್ರಿಕೆಯಲ್ಲಿ ಹಾಕಿಸಬೇಕು. ಹಾಕಿಸಿದರೆ ಮುಟ್ಟಿದಂತೆಯೇ ಲೆಕ್ಕ. ಅವರು ಹಾಜರಾಗದಿದ್ದರೆ ತೀರ್ಪು ಒಂದೇ ಕಡೆಯವರ ಮಾತು ಕೇಳಿ ಆಗುತ್ತದೆ. ಈಗ ನೀವೇ ಹೇಳಿ, ಎದುರಿನವರು ಹಾಜರಾಗಬಾರದೆಂದು ಆಸೆಪಡುವವನು ಯಾವ ಪತ್ರಿಕೆ ಹುಡುಕುತ್ತಾನೆ? ಯಾರೂ ಓದದ್ದನ್ನು. ಆ ಯೋಗ್ಯತೆಯಲ್ಲಿ ನಮ್ಮನ್ನು ಮೀರಿಸುವವರು ತಾಲೂಕಿನಲ್ಲಿ ಇರಲಿಲ್ಲ.

ಆದರೂ ಕೆಲವರಿಗೆ ಸಮಾಧಾನವಿಲ್ಲ. "ಸಂತ್ಯಾಗ ಯಾರರೆ ಭಜಿ ಕಟ್ಟಿಸಿಕೊಂಡು ಹೋಗಿ ಓದಿದರ?" ಎಂದು ಅಂಜುವವರು. ಅವರಿಗಾಗಿ ಮಾವನವರು ಒಂದು ಪದ್ಧತಿ ಮಾಡಿದರು. ಮೊದಲು ನೋಟೀಸಿಲ್ಲದೆ ಊರಿಗೆ ಹಂಚುವ ಪ್ರತಿಗಳನ್ನೆಲ್ಲ ಅಚ್ಚು ಹಾಕುವುದು. ನೋಟೀಸಿನ ಜಾಗದಲ್ಲಿ ಮನೆಮದ್ದು. ಆಮೇಲೆ ಮಷೀನು ನಿಲ್ಲಿಸಿ, ಮನೆಮದ್ದಿನ ಮೊಳೆ ತೆಗೆದು, ಅಲ್ಲಿ ನೋಟೀಸು ಕೂಡಿಸಿ ಇಪ್ಪತ್ತೈದು ಪ್ರತಿ. ಅವು ವಕೀಲರ ಕೈಗೆ, ಅಲ್ಲಿಂದ ಕೋರ್ಟಿನ ಫೈಲಿಗೆ. ನಮ್ಮ ಮನೆಯಲ್ಲಿ ಅವಕ್ಕೆ ಕೋರ್ಟ್ ಪ್ರತಿ ಎಂದು ಹೆಸರು. ಮೊಳೆ ತೆಗೆದು ಮೊಳೆ ಕೂಡಿಸುವ ಕೆಲಸ ನನ್ನದು. ಮೊದಲ ಸಲ ಮಾಡುವಾಗ "ಇದು ಸರಿ ಐತೇನ್ರಿ ಮಾವಾರ?" ಎಂದು ಕೇಳಿದ್ದೆ. ಅವರು ನನ್ನ ಮುಖ ನೋಡದೆ, "ಪೇಪರ ಉಳಿಬೇಕಲ್ಲವಾ" ಎಂದಿದ್ದರು. ಎರಡನೆಯ ಸಲ ಕೇಳಲಿಲ್ಲ.

ಹಾಗಾದರೆ ನಮ್ಮ ಪತ್ರಿಕೆಯನ್ನು ಪೂರ್ತಿ ಬಲ್ಲವರು ಯಾರೂ ಇರಲಿಲ್ಲವೇ? ಒಬ್ಬಳಿದ್ದಳು. ಅವಳಿಗೆ ಅಕ್ಷರ ಬರುತ್ತಿರಲಿಲ್ಲ.

ನೀಲವ್ವ ಬೀಡಿ ಎಂಬ ಹಳ್ಳಿಯವಳು, ಹಾಲುಮತದವಳು. ಗಂಡ ಸಿದ್ದಪ್ಪ ತೀರಿಕೊಂಡ ಮೇಲೆ ಎರಡು ಎಮ್ಮೆ ಕಟ್ಟಿಕೊಂಡು, ಸಂತೆಯ ದಿನ ಬೆಣ್ಣೆ ತಂದು ನಮ್ಮ ಪ್ರೆಸ್ಸಿನ ಕಟ್ಟೆಯ ಮೇಲೆ ಕೂತು ಮಾರುತ್ತಿದ್ದಳು. ಮಗಳು ರೇಣುಕಾ ಒಬ್ಬಳೇ, ಅದೂ ಎದೆಯ ರೋಗದ್ದು. ಗಂಡನ ಪಾಲಿಗೆ ಬಂದ ಹೊಲವೊಂದಿತ್ತು, ನಡುವೆ ಹುಣಸೆ ಮರ, ಬಡಗಣಕ್ಕೆ ಹಳ್ಳ. ಆ ಹೊಲದ ಸುದ್ದಿಯಿಲ್ಲದೆ ಅವಳ ಮಾತು ಮುಗಿಯುತ್ತಿರಲಿಲ್ಲ. ಬೆಣ್ಣೆ ಖಾಲಿಯಾದ ಮೇಲೆ ಬುಟ್ಟಿ ಬೋರಲು ಹಾಕಿ, "ಹೂಂ, ಓದ್ರಿ ಅಕ್ಕಾರ, ಈ ವಾರ ಏನೇನ ಆಗೈತಿ?" ಎನ್ನುತ್ತಿದ್ದಳು. ನಾನು ಮೊದಲ ಪುಟದಿಂದ ಕೊನೆಯವರೆಗೆ ಓದಬೇಕು.

ಆ ಹೆಂಗಸಿನ ನೆನಪು ಎಂಥದು ಅಂತೀರಿ! ಶಾಸಕರ ಭಾಷಣ ಓದಿದರೆ, "ಈ ಮನಶ್ಯಾ ಹೋದ ದೀಪಾವಳಿಗೂ ಹಿಂಗ ಅಂದಿದ್ನಲ್ರಿ, ಬೀಡಿಗೆ ರಸ್ತಾ ಮಾಡ್ತೀನಂತ" ಎನ್ನುವಳು. ಹಳೆಯ ಕಡತ ತೆಗೆದು ನೋಡಿದರೆ ಹೌದು, ದೀಪಾವಳಿಯ ವಾರ, ಎರಡನೆಯ ಪುಟ. ಮಾವನವರಿಗೂ ಅವಳೆಂದರೆ ಅಕ್ಕರೆ. "ನಮ್ಮ ಪೇಪರಿಗೆ ಖರೇ ಸಂಪಾದಕಿ ನೀನಬೇ ನೀಲವ್ವಾ" ಎಂದು ನಗುತ್ತಿದ್ದರು.

ಒಂದು ಬೇಸಿಗೆ ರೇಣುಕಾಳಿಗೆ ಜೋರಾಗಿ, ಬೆಳಗಾವಿಯ ನೆಹರು ನಗರದ ದೊಡ್ಡ ದವಾಖಾನೆಗೆ ಸೇರಿಸಿದರು. ನೀಲವ್ವ ಮನೆಗೆ ಕೀಲಿ ಹಾಕಿ, ಎಮ್ಮೆಗಳನ್ನು ತಂಗಿಯ ಮನೆಗೆ ಬಿಟ್ಟು, ಮಗಳ ಕಾಲ ಹತ್ತಿರ ಹೋಗಿ ಕೂತಳು. ಮೂರು ನಾಲ್ಕು ವಾರ ನಮ್ಮ ಕಟ್ಟೆ ಖಾಲಿ. ಅದೇ ದಿನಗಳಲ್ಲಿ ಒಬ್ಬ ವಕೀಲರ ಗುಮಾಸ್ತ ನೋಟೀಸೊಂದನ್ನು ತಂದುಕೊಟ್ಟ. ಲಗ್ನದ ಸುಗ್ಗಿ. ಅಕ್ಷರ ನೋಡಿದೆ, ಎತ್ತಿದೆ, ಇಟ್ಟೆ. ಊರಿನ ಪ್ರತಿಗಳು ಮುಗಿದ ಮೇಲೆ ಕೆಮ್ಮಿನ ಮದ್ದು ತೆಗೆದು ಅದನ್ನು ಕೂಡಿಸಿಕೊಟ್ಟೆ. ಇಪ್ಪತ್ತೈದು ಪ್ರತಿ ಹೋದವು.

ಎರಡು ದಿನ ಬಿಟ್ಟು ಮೊಳೆ ಬಿಡಿಸಲು ಕೂತೆ. 'ನಡುವೆ ಹುಣಸೆ ಮರವಿರುವ ಜಮೀನು, ಉತ್ತರಕ್ಕೆ ಹಳ್ಳ' ಎಂಬ ಸಾಲು ಕೈಗೆ ಬಂತು. ಕೈ ನಿಂತಿತು. ಮೇಲಿನ ಸಾಲುಗಳನ್ನು ಓದಿದೆ. ಪ್ರತಿವಾದಿ, ನೀಲವ್ವ ಕೋಂ ಸಿದ್ದಪ್ಪ, ಸಾಕಿನ ಬೀಡಿ ಗ್ರಾಮ, ಸದ್ಯದ ವಾಸಸ್ಥಳ ತಿಳಿದಿಲ್ಲ. ಸಿದ್ದಪ್ಪ ಬದುಕಿದ್ದಾಗಲೇ ತನ್ನ ಪಾಲು ತಮ್ಮನಿಗೆ ಬಿಟ್ಟುಕೊಟ್ಟಿದ್ದನೆಂದು ಮೈದುನ ದಾವೆ ಹೂಡಿದ್ದ. ಹಾಜರಾಗುವ ತಾರೀಖಿಗೆ ಇನ್ನೂ ಹದಿನೆಂಟು ದಿನವಿತ್ತು.

ವಾಸಸ್ಥಳ ತಿಳಿದಿಲ್ಲವಂತೆ! ಯಾವ ವಾರ್ಡು, ಯಾವ ಖಾಟು ಎಂಬುದು ಸಹ ನನಗೆ ಗೊತ್ತಿತ್ತು. ಸಾಲನ್ನು ಕೈಯಲ್ಲಿ ಹಿಡಿದುಕೊಂಡೇ ಮಾವನವರ ಮುಂದೆ ಹೋಗಿ ನಿಂತೆ.

"ಮಾವಾರ, ಇದು ನಮ್ಮ ನೀಲವ್ವಂದು."

ಅವರು ಓದಿದರು. ಕನ್ನಡಕ ತೆಗೆದು ಧೋತರದ ಅಂಚಿಗೆ ಒರೆಸಿದರು. ಆಮೇಲೆ, "ನಾನೂ ನೋಡಲಿಲ್ಲವಾ" ಎಂದರು. ಖರೇ ಹೇಳಿದರೋ ಸುಳ್ಳು ಹೇಳಿದರೋ ನನಗೆ ಇವತ್ತಿಗೂ ಗೊತ್ತಿಲ್ಲ.

"ಹೇಳಿಬಿಡೂಣ್ರಿ. ಇನ್ನೂ ದಿನಾ ಅದಾವ."

"ಏನಂತ ಹೇಳ್ತಿ? ಪೇಪರಿನ್ಯಾಗ ಬಂದೈತಿ ಅಂತನೋ? ಆಕಿ ಕೋರ್ಟಿನ್ಯಾಗ ನಿಂತು, ನನಗ ಓದಿದ ಪೇಪರಿನ್ಯಾಗ ಇರಲಿಲ್ಲ ಅಂತಾಳ. ಆಕಿ ನೆನಪ ನಿನಗ ಗೊತ್ತೈತಲ್ಲ. ಆಮ್ಯಾಲ ಇಲ್ಲೀತನಕ ಹೋದ ಕೋರ್ಟ್ ಪ್ರತಿ ಎಲ್ಲಾ ಹೊರಗ ಬರತಾವ. ಈ ವಯಸ್ಸಿನ್ಯಾಗ ನನ್ನ ಕೈಗೆ ಬೇಡಿ ಹಾಕಸ್ತಿಯೇನು?"

ನನಗೆ ಅವರ ಮೇಲೆ ಸಿಟ್ಟೂ ಬಂತು, ಅಯ್ಯೋ ಎಂದೂ ಅನ್ನಿಸಿತು. ಈಗ ಯೋಚಿಸಿದರೆ, ಕೋರ್ಟಿನ ಕಡೆ ಯಾರೋ ಆಡಿಕೊಳ್ಳುತ್ತಿದ್ದರು ಎಂದು ಒಂದು ಮಾತು ಅವಳ ಕಿವಿಗೆ ಹಾಕಿದ್ದರೆ ಸಾಕಿತ್ತು. ಅಷ್ಟು ಸಣ್ಣ ಸುಳ್ಳು ನನಗೆ ಆಗ ಹೊಳೆಯಲಿಲ್ಲ.

ಮುಂದಿನ ಸಂತೆಗೆ ನೀಲವ್ವ ಬಂದಳು. ಎಮ್ಮೆ ನೋಡಿಹೋಗಲು ಒಂದು ದಿನದ ಮಟ್ಟಿಗೆ ಬಂದಿದ್ದಳು. ಮುಖ ಸೊರಗಿತ್ತು. "ನಾ ಇಲ್ಲದ ವಾರದ್ದೆಲ್ಲಾ ಓದ್ರಿ ಅಕ್ಕಾರ. ದವಾಖಾನ್ಯಾಗ ಗ್ವಾಡಿ ನೋಡಿ ನೋಡಿ ತಲಿ ಕೆಟ್ಟೈತಿ" ಎಂದಳು. ಒಳಗಿನಿಂದ ಮಾವನವರ ಕೆಮ್ಮು ಕೇಳಿಸಿತು. ನಾನು ಒಂದೊಂದೇ ಸಂಚಿಕೆ ತೆಗೆದು ಓದಿದೆ. ಆ ವಾರದ್ದೂ ಬಂತು. ಮೂರನೆಯ ಪುಟದ ಕೆಳಗೆ, ಅವಳ ಹೊಲ ಇರಬೇಕಾದ ಜಾಗದಲ್ಲಿ, ಕೆಮ್ಮಿಗೆ ಹಸಿಶುಂಠಿಯ ರಸ, ಜೇನು, ಎರಡು ಕಾಳು ಮೆಣಸು.

"ಇದು ಹೋದ ವರ್ಷನೂ ಬಂದಿತ್ತಲ್ರಿ?" ಎಂದಳು. ನಾನು ಹಾಳೆ ಮಗುಚಲು ಹೋದೆ. "ಇರ್ಲಿ ಬಿಡ್ರಿ, ಇನ್ನೊಮ್ಮೆ ಓದ್ರಿ. ರೇಣುಕಾಗ ಮನಿಗೆ ಕರಕೊಂಡ ಬಂದಮ್ಯಾಲ ಬೇಕಾಗತೈತಿ." ಇನ್ನೊಮ್ಮೆ ಓದಿದೆ. ಅವಳು ಬೆರಳು ಮಡಚಿ ಮಡಚಿ ಕಾಳು ಲೆಕ್ಕ ಇಟ್ಟುಕೊಂಡಳು.

ನಾಲ್ಕು ದಿನ ನನಗೆ ಊಟ ಸೇರಲಿಲ್ಲ. ಐದನೆಯ ದಿನ ನನ್ನ ಮಗಳನ್ನು ಪಕ್ಕದ ಮನೆಯಲ್ಲಿ ಬಿಟ್ಟು, ಹೇಳಿಬಿಡಬೇಕೆಂದೇ ಬೆಳಗಾವಿಗೆ ಹೋದೆ. ದವಾಖಾನೆಯ ಗೋಡೆಯ ಬದಿಗೆ ಹಳ್ಳಿಯ ಹೆಂಗಸರು ನಾಲ್ಕಾರು ಮಂದಿ ಬುತ್ತಿ ಬಿಚ್ಚಿ ಕೂತಿದ್ದರು, ನಡುವೆ ನೀಲವ್ವ. ನನ್ನನ್ನು ನೋಡಿದವಳೇ ಎದ್ದು ನಿಂತಳು. "ನೋಡ್ರಿ, ನಾ ಹೇಳ್ತಿದ್ನಲ್ಲ, ನಮ್ಮ ಪೇಪರಿನ ಅಕ್ಕಾರು! ನನ್ನ ಸಲುವಾಗಿ ಖಾನಾಪುರದಿಂದ ಬಂದಾರ. ಕುಂದರ್ರಿ ಅಕ್ಕಾರ, ರೊಟ್ಟಿ ತಿನ್ರಿ." ಆ ಹೆಂಗಸರೆಲ್ಲ ಸರಿದು ಜಾಗ ಮಾಡಿಕೊಟ್ಟರು. ರೊಟ್ಟಿ ತಿಂದೆ. ರೇಣುಕಾಳ ಹಣೆ ಮುಟ್ಟಿ ನೋಡಿದೆ. ಹೇಳಲು ಹೋದವಳು ಬಾಳೆಹಣ್ಣು ಕೊಟ್ಟು ಬಂದೆ. ಮಾವನವರ ಸಲುವಾಗಿ ಸುಮ್ಮನಿದ್ದೆ ಎಂದು ಬಹಳ ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ಅದು ಅರ್ಧ ಮಾತ್ರ ಖರೆ. ಅಷ್ಟು ಮಂದಿಯ ಮುಂದೆ ನನ್ನನ್ನು ದೊಡ್ಡವಳನ್ನಾಗಿ ಮಾಡಿದ್ದಳು. ಅಲ್ಲಿಂದ ಕೆಳಗೆ ಇಳಿಯಲು ನನಗೆ ಧೈರ್ಯ ಸಾಲಲಿಲ್ಲ.

ತಾರೀಖು ಬಂತು, ಹೋಯಿತು, ತೀರ್ಪು ಮೈದುನನ ಕಡೆಗಾಯಿತು. ಮಳೆ ಹಿಡಿಯುವ ಮೊದಲೇ ಮೈದುನ ಟ್ರ್ಯಾಕ್ಟರ್ ತಂದು ಹುಣಸೆ ಮರದ ಸುತ್ತ ರಂಟೆ ಹೊಡೆದ. ನೀಲವ್ವ ಎದೆ ಬಡಿದುಕೊಂಡು ಖಾನಾಪುರದ ಒಬ್ಬ ವಕೀಲರ ಹತ್ತಿರ ಹೋದಳು. ಅವರು ಒಳ್ಳೆಯವರು, ತೀರ್ಪು ರದ್ದು ಮಾಡಬೇಕೆಂದು ಅರ್ಜಿ ಹಾಕಿದರು. ಅಲ್ಲಿಂದ ಸೀದಾ ನಮ್ಮ ಕಟ್ಟೆಗೆ ಬಂದಳು. ಅಳು ಇರಲಿಲ್ಲ, ಉಲ್ಟಾ ಉಮೇದಿನಲ್ಲಿದ್ದಳು.

"ಪೇಪರಿನ್ಯಾಗ ಬಂದಿತ್ತು ಅಂತ ಅಂತಾರ್ರಿ, ನಿಮ್ಮ ಪೇಪರಿನ್ಯಾಗ! ನಾ ನಕ್ಕಬಿಟ್ಟೆ. ಅದನ್ನ ನಮ್ಮ ಅಕ್ಕಾರು ನನಗ ಓದ್ಯಾರ, ಆ ವಾರ ಅಲ್ಲಿ ಕೆಮ್ಮಿನ ಔಷಧ ಇತ್ತು ಅಂತ ಹೇಳೀನಿ. ನೀವು ಆ ಪೇಪರ ತಗೊಂಡ ಬಂದು ತೋರಸ್ರಿ, ಅಷ್ಟ ಸಾಕು. ಬರತೀರಲ್ರಿ?"

"ಬರತೀನಿ ನೀಲವ್ವಾ" ಎಂದೆ.

ಆ ವಾರದ ಊರಿನ ಪ್ರತಿಗಳು ಭಜಿಯ ಪುಡಿಕೆಯಾಗಿ ಹೋಗಿ, ನಮ್ಮ ಕಡತದಲ್ಲಿ ಒಂದೇ ಉಳಿದಿತ್ತು. ಮಾವನವರು ಕಡತ ತೆರೆದು, ಆ ಸಂಚಿಕೆ ಬಿಡಿಸಿ, ಪಕ್ಕಕ್ಕೆ ವಕೀಲರಿಂದ ತರಿಸಿದ ಒಂದು ಕೋರ್ಟ್ ಪ್ರತಿಯನ್ನೂ ಇಟ್ಟು, ದೇವರ ಖೋಲಿಗೆ ಹೋಗಿ ಲಿಂಗಪೂಜೆಗೆ ಕೂತರು. ಅವರು ಪೂಜೆ ಮುಗಿಸಿ ಏಳುವಷ್ಟರಲ್ಲಿ ನಾನು ಕೋರ್ಟ್ ಪ್ರತಿಯನ್ನು ಕಡತಕ್ಕೆ ಸೇರಿಸಿ, ಕೆಮ್ಮಿನ ಮದ್ದಿದ್ದ ಸಂಚಿಕೆಯನ್ನು ಬಚ್ಚಲ ಒಲೆಗೆ ಹಾಕಿದ್ದೆ. ನನ್ನ ಕೈ ಹಿಡಿದು ಯಾರೂ ಹಾಕಿಸಲಿಲ್ಲ.

ಕೋರ್ಟಿನಲ್ಲಿ ನೀಲವ್ವ ನನಗಿಂತ ಮೊದಲು ಹೇಳಿಕೆ ಕೊಟ್ಟಳು. ಎಷ್ಟು ಚಂದ ಹೇಳಿದಳು! ಆ ವಾರದ ಮೊದಲ ಪುಟದಲ್ಲಿ ಏನಿತ್ತು, ಎರಡನೆಯದರಲ್ಲಿ ಯಾರ ಸತ್ಕಾರ, ಮೂರನೆಯದರ ಕೆಳಗೆ ಹಸಿಶುಂಠಿ, ಜೇನು, ಎರಡು ಕಾಳು ಮೆಣಸು. ಒಂದೂ ತಪ್ಪಲಿಲ್ಲ. ಜಡ್ಜ್ ಸಾಹೇಬರೂ ತಲೆಯೆತ್ತಿ ಕೇಳಿದರು. ಆಮೇಲೆ ನನ್ನ ಕೈಗೆ ಕೋರ್ಟ್ ಪ್ರತಿ ಕೊಟ್ಟು, ಇದು ನಿಮ್ಮ ಪತ್ರಿಕೆಯೇ ಎಂದು ಕೇಳಿದರು. ಹೌದು ಎಂದೆ. ಮೂರನೆಯ ಪುಟದಲ್ಲಿ ಏನಿದೆ? ನೋಟೀಸು ಇದೆ. ಕೆಮ್ಮಿನ ಔಷಧ?

"ಅದು ಬೇರೆ ವಾರದ್ದು ಸಾಹೇಬರ. ಆಕೀಗೆ ನೆನಪು ತಪ್ಪೈತಿ. ನೋಟೀಸು ಓದೂದು ನನಗ ಬಿಟ್ಟ ಹೋಗಿರಬೇಕು."

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ನೀಲವ್ವ ನನ್ನನ್ನು ನೋಡಿದಳು. ಸಿಟ್ಟಿನಿಂದಲ್ಲ. ಅಂಗಳದಲ್ಲಿ ಇಟ್ಟ ಕೊಡ ಕಾಣದೆ ಇದ್ದಾಗ ನೋಡುತ್ತಾರಲ್ಲ, ಹಾಗೆ. ಅರ್ಜಿ ವಜಾ ಆಯಿತು. ಆ ಪತ್ರಿಕೆಯನ್ನು ವಾರ ವಾರ ಓದಿಸಿ ಕೇಳುತ್ತಿದ್ದೆನೆಂದು ಅರ್ಜಿದಾರಳೇ ಒಪ್ಪಿಕೊಂಡಿದ್ದಾಳೆ, ಆದ್ದರಿಂದ ನೋಟೀಸು ಮುಟ್ಟಿದಂತೆಯೇ ಎಂದು ಬರೆದರು.

ಹೊರಗೆ ಬಂದ ಮೇಲೆ ಅವಳು ನನ್ನನ್ನು ಬೈಯುತ್ತಾಳೆ, ಮಣ್ಣು ತೂರುತ್ತಾಳೆ ಎಂದು ಕಾದೆ. ಬೈದಿದ್ದರೆ ಅಲ್ಲೇ ಕಾಲು ಹಿಡಿದು ಎಲ್ಲ ಹೇಳಿಬಿಡುತ್ತಿದ್ದೆನೋ ಏನೋ. ಅವಳು ಸೆರಗಿನಿಂದ ಮುಖ ಒರೆಸಿಕೊಂಡು, ನನ್ನ ಜೊತೆಗೇ ಬಸ್‌ಸ್ಟ್ಯಾಂಡಿನತ್ತ ನಡೆದಳು.

"ನನ್ನ ಸಲುವಾಗಿ ನಿಮಗ ಕೋರ್ಟ ಹತ್ತೂ ಹಂಗಾತಲ್ರಿ ಅಕ್ಕಾರ" ಎಂದಳು. "ನಾನರೆ ಕಣ್ಣಿಗೆ ಕಟ್ಟಿದಂಗ ಹೇಳಿದೆ. ಎಲ್ಲಾ ಉಲ್ಟಾ ಆಗೈತಿ ನೋಡ್ರಿ ತಲ್ಯಾಗ. ದವಾಖಾನ್ಯಾಗ ನಿದ್ದಿ ಇಲ್ಲದಕ್ಕ ಹಿಂಗಾತೇನೋ."

ನಾನು ಹೂಂ ಎಂದೆ.

ಬೀಡಿಯ ಬಸ್ಸು ತನ್ನ ಜಾಗಕ್ಕೆ ಬಂದು ನಿಂತಿತು. ಎಷ್ಟೋ ವರ್ಷದಿಂದ ಅದೇ ಬಸ್ಸು, ಅದೇ ಡ್ರೈವರು, ಅದೇ ಹೊತ್ತು. ಬೆಣ್ಣೆಯ ಬುಟ್ಟಿ ಹೊತ್ತು ಯಾರನ್ನೂ ಕೇಳದೆ ಹತ್ತಿ ಇಳಿದವಳು ಅವಳು. ಅವತ್ತು ಮೆಟ್ಟಿಲ ಮೇಲೆ ಒಂದು ಕಾಲಿಟ್ಟು, ಹಿಂದಕ್ಕೆ ತೆಗೆದು, ನನ್ನ ಕಡೆ ತಿರುಗಿದಳು.

"ಆ ಬೋರ್ಡ್ ಒಂದೀಟ ಓದಿ ಹೇಳ್ರಿ ಅಕ್ಕಾರ, ಇದು ಬೀಡಿಗೇ ಹೋಗತೈತಿ ಹೌದಲ್ಲೋ?"

ನಾನು ಓದಿ ಹೇಳಿದೆ. ಅವಳು ಹತ್ತಿ ಕೂತಳು.